ಸಹಾಯ ಬೇಕು: ರಿಟ್ ವಜಾ ಆಯ್ತು, ಮುಂದೆ ಯಾವ ಕೋರ್ಟಿಗೆ ಹೋಗೋದು?

ಎಲ್ಲರಿಗೂ ನಮಸ್ಕಾರ. ತಾತನ ಹೆಸರಲ್ಲಿದ್ದ 2 ಎಕರೆ 10 ಗುಂಟೆ ಜಮೀನನ್ನ ದಾಯಾದಿಯೊಬ್ಬರು ವಿಲ್ ತೋರಿಸಿ ತಮ್ಮ ಹೆಸರಿಗೆ ಮ್ಯುಟೇಶನ್ (ಕಂದಾಯ ದಾಖಲೆಯಲ್ಲಿ ಹೆಸರು ಬದಲಾವಣೆ) ಮಾಡಿಸ್ಕೊಂಡಿದ್ದಾರೆ. ವಿಲ್‌ನಲ್ಲಿರೋದು ಹೆಬ್ಬೆಟ್ಟು. ತಾತ ಶಾಲೆ ಮೇಷ್ಟ್ರು. ಹಳೇ ಕ್ರಯಪತ್ರದಲ್ಲೆಲ್ಲ ನೀಲಿ ಶಾಯಿಯಲ್ಲಿ ಪೂರ್ತಿ ಹೆಸರು ಬರೆದು ಕೆಳಗೊಂದು ಗೆರೆ ಎಳೆದಿದ್ದಾರೆ. ಅವರು ಹೆಬ್ಬೆಟ್ಟು ಒತ್ತಿದ್ದನ್ನ ನಾವ್ಯಾರೂ ಕಂಡಿಲ್ಲ.

ಎಸಿ (ಉಪವಿಭಾಗಾಧಿಕಾರಿ) ಹತ್ರ ಅಪೀಲು, ಡಿಸಿ ಹತ್ರ ರಿವಿಷನ್, ಎರಡೂ ಸೋತು ಸಂವಿಧಾನದ 226ನೇ ವಿಧಿಯಡಿ ಹೈಕೋರ್ಟಲ್ಲಿ ರಿಟ್ ಅರ್ಜಿ ಹಾಕಿದ್ವಿ. ಎರಡು ವರ್ಷ ಅಲ್ಲೇ ಕಳೀತು. ಹೋದ ವಾರ ವಜಾ. ವಿಲ್ ನಿಜವೋ ಸುಳ್ಳೋ ಅನ್ನೋದನ್ನ ಸಾಕ್ಷಿಗಳನ್ನ ಕಟಕಟೆಗೆ ಕರೆಸಿ, ಪಾಟೀಸವಾಲು ಮಾಡಿಯೇ ತೀರ್ಮಾನಿಸಬೇಕು, ಅಫಿಡವಿಟ್ ನೋಡಿ ಹೇಳಕ್ಕಾಗಲ್ಲ, ಸಿವಿಲ್ ಕೋರ್ಟಿಗೆ ಹೋಗಿ ಅಂತ ಆದೇಶ.

ಅಣ್ಣ ಹೈಕೋರ್ಟಿನ ದೊಡ್ಡ ಪೀಠಕ್ಕೆ ರಿಟ್ ಅಪೀಲು ಹಾಕೋಣ ಅಂತಾನೆ. ಸಂಗತಿಗಳ ಬಗ್ಗೆ ತಕರಾರಿದೆ ಅನ್ನೋ ಒಂದೇ ಕಾರಣಕ್ಕೆ ರಿಟ್ ತಳ್ಳಿಹಾಕಬೇಕಿಲ್ಲ ಅಂತ 2003ರ ಎಬಿಎಲ್ ಇಂಟರ್‌ನ್ಯಾಷನಲ್ ತೀರ್ಪಲ್ಲಿ ಸುಪ್ರೀಂ ಕೋರ್ಟ್ ಹೇಳಿದೆ ನಿಜ. ಆದ್ರೆ ಅಲ್ಲಿದ್ದದ್ದು ವಿಮೆ ಕರಾರಿನ ಷರತ್ತು ಓದಿ ಅರ್ಥ ಮಾಡೋ ಪ್ರಶ್ನೆ. ನಮ್ದು ಹೆಬ್ಬೆಟ್ಟು ಯಾರದು ಅನ್ನೋ ಪ್ರಶ್ನೆ. ಎರಡೂ ಒಂದೇ ಅಂತ ನನಗನ್ನಿಸಲ್ಲ.

ನನ್ನ ಭಯ ದಾವೆ ಹಾಕೋ ವಾಯಿದೆಯದ್ದು (ಲಿಮಿಟೇಶನ್). ಜಮೀನಿನ ಹಕ್ಕು ನಮ್ದು ಅಂತ ಕೋರ್ಟಿಂದ ಹೇಳಿಸೋ ಘೋಷಣೆ ದಾವೆಗೆ 3 ವರ್ಷ ಅಂತಾರೆ, ಮ್ಯುಟೇಶನ್ ಗೊತ್ತಾಗಿ ನಾಲ್ಕಾಯ್ತು. ಅಮ್ಮ ರಾತ್ರಿ ನಿದ್ದೆ ಮಾಡ್ತಿಲ್ಲ.

ಈಗ ಸಿವಿಲ್ ಕೋರ್ಟಲ್ಲಿ ದಾವೆ ಹಾಕಿದ್ರೆ, ಹೈಕೋರ್ಟಲ್ಲಿ ಕಳೆದ ಎರಡು ವರ್ಷವನ್ನ ಲಿಮಿಟೇಶನ್ ಕಾಯ್ದೆ 14ನೇ ಕಲಂ ಪ್ರಕಾರ ಲೆಕ್ಕದಿಂದ ಬಿಡ್ತಾರಾ? ರಿಟ್ ವಜಾ ಆದ್ಮೇಲೆ ಹೀಗೆ ದಾವೆ ಹಾಕಿದವರು, ವಕೀಲರು ದಯವಿಟ್ಟು ತಿಳಿಸಿ.