ಧಾರಾವಾಹಿಯ ಅತ್ತಿಗೆ, ಸಿನಿಮಾದ ತಾಯಿ: ಎರಡೂ ಒಟ್ಟಿಗೆ ಆಗುತ್ತಾ?

ಕುಂದವಾಡ ಕೆರೆ

ನಮಸ್ಕಾರ. ನಮ್ಮ ತಂಡದ ನಟಿಯೊಬ್ಬರ ಪರವಾಗಿ ಕೇಳ್ತಿದ್ದೀನಿ. ಸಾಣೇಹಳ್ಳಿಯಲ್ಲಿ ರಂಗಶಿಕ್ಷಣ ಮುಗಿಸಿ, ಅಲ್ಲಿನ ತಿರುಗಾಟದ ನಾಟಕ ತಂಡ ಶಿವಸಂಚಾರದ ಜೊತೆ ಒಂದು ವರ್ಷ ಊರೂರು ತಿರುಗಿದವರು. ವಯಸ್ಸು 34, ಮನೆ ದಾವಣಗೆರೆ. ಈಗ ಎರಡು ಕರೆ ಒಟ್ಟಿಗೆ ಬಂದಿವೆ. ಒಂದು, ಬೆಂಗಳೂರಿನಲ್ಲಿ ದಿನದ ಧಾರಾವಾಹಿ, ನಾಯಕನ ಅತ್ತಿಗೆ ಪಾತ್ರ, ತಿಂಗಳಿಗೆ 10–12 ದಿನ. ಇನ್ನೊಂದು, ಹಿರಿಯೂರಿನ ವಾಣಿವಿಲಾಸ ಸಾಗರದ ಆಸುಪಾಸಿನಲ್ಲಿ ಸಣ್ಣ ಬಜೆಟ್ ಸಿನಿಮಾ, ತಾಯಿ ಪಾತ್ರ, 18 ದಿನ, ಸಿಂಕ್ ಸೌಂಡ್ (ಡಬ್ಬಿಂಗ್ ಇಲ್ಲ, ಶೂಟಿಂಗ್‌ನಲ್ಲೇ ಮಾತು ರೆಕಾರ್ಡ್ ಆಗುತ್ತೆ). ಸಿನಿಮಾದವರು "ಪೇಮೆಂಟ್ ಮಾರಾಟ ಆದಮೇಲೆ" ಅಂತಿದ್ದಾರೆ. ಎರಡನ್ನೂ ಒಪ್ಪಬಹುದಾ? ಕಾಗದದಲ್ಲಿ ಏನು ಬರೆಸಬೇಕು? ಬೆಂಗಳೂರಿಗೆ ಮನೆ ಮಾಡಲೇಬೇಕಾ?

ಬಾತಿ ಗುಡ್ಡ

ಒಪ್ಪಬಹುದು. ಯಾವುದಕ್ಕೆ ಮೊದಲು ಹೂಂ ಅಂತಾರೆ ಅನ್ನೋದರ ಮೇಲೆ ನಿಂತಿದೆ ಅಷ್ಟೆ. ಸಿನಿಮಾದ 18 ದಿನಗಳ ತಾರೀಖನ್ನು ಮೊದಲು ಬರಹದಲ್ಲಿ ತಗೊಳ್ಳಲಿ, ಆಮೇಲೆ ಅದೇ ಹಾಳೆಯನ್ನು ಧಾರಾವಾಹಿಯ ಮ್ಯಾನೇಜರ್ ಮುಂದೆ ಇಡಲಿ. ತಿರುವುಮುರುವು ಆದರೆ ಕೆಟ್ಟಿತು. ಧಾರಾವಾಹಿಯ ಕಥೆ ಟಿಆರ್‌ಪಿ ನೋಡಿಕೊಂಡು ವಾರವಾರ ಹೊರಳುತ್ತೆ. 10–12 ದಿನ ಅಂದದ್ದು ಒಂದು ತಿಂಗಳು 4 ಆಗುತ್ತೆ, ಮನೆಯಲ್ಲಿ ಮದುವೆ ಟ್ರ್ಯಾಕ್ ಬಂದರೆ 17 ಆಗುತ್ತೆ. ನಾಳೆಯ ಕಾಲ್ (ಸೆಟ್ಟಿಗೆ ಎಷ್ಟು ಹೊತ್ತಿಗೆ ಬರಬೇಕು ಅನ್ನೋದು) ಇವತ್ತು ರಾತ್ರಿ ಬರೋದು ಮಾಮೂಲು. ಹಾಗಾಗಿ "ತಿಂಗಳಿಗೆ ಇಷ್ಟು ದಿನ" ಅಂತ ಬರೆಸಿದರೆ ಉಪಯೋಗ ಕಡಿಮೆ. "ಇಂಥ ತಾರೀಖಿನಿಂದ ಇಂಥ ತಾರೀಖಿನವರೆಗೆ ಸಿಗೋದಿಲ್ಲ" ಅಂತಲೇ ಬರೆಸಬೇಕು. ಹೊರಾಂಗಣದ ಶೂಟಿಂಗ್ ಮಳೆ ಬಂದರೆ ಮುಂದಕ್ಕೆ ಜಾರುತ್ತೆ, 18ರ ಮೇಲೆ ಇನ್ನು 4 ದಿನ ಹಿಡಿದು ಕೇಳಲಿ.

ಅತ್ತಿಗೆ ಪಾತ್ರಕ್ಕೆ ಒಂದು ಅನುಕೂಲ ಇದೆ: ತವರಿಗೆ ಕಳಿಸಬಹುದು. ಮೂರು ವಾರ ಮುಂಚೆ ಹೇಳಿದರೆ ಬರೆಯೋರು ಒಂದೇ ಮಾತಿನಲ್ಲಿ ಕಳಿಸಿಬಿಡ್ತಾರೆ. ಮೂರು ದಿನ ಮುಂಚೆ ಹೇಳಿದರೆ ನಟಿಯನ್ನೇ ಮನೆಗೆ ಕಳಿಸಿ ಬೇರೆ ಮುಖ ತರ್ತಾರೆ.

ಒಪ್ಪಂದದಲ್ಲಿ "ಬೇರೆ ಕಡೆ ನಟಿಸುವಂತಿಲ್ಲ" ಅನ್ನೋ ಸಾಲು ಇದೆಯಾ ನೋಡಿ. ಬೇರೆ ಚಾನೆಲ್‌ನ ಧಾರಾವಾಹಿ ಬೇಡ ಅನ್ನೋದು ಸರಿ. ಸಿನಿಮಾ, ನಾಟಕ ಅದರಲ್ಲಿ ಸೇರಿಲ್ಲ ಅಂತ ಅಲ್ಲೇ ಬರೆಸಿ.

ಮನೆ ಈಗಲೇ ಬೇಡ. ದಾವಣಗೆರೆಯಿಂದ 260 ಕಿ.ಮೀ., ರಾತ್ರಿ ರೈಲು ಹಿಡಿದರೆ ಬೆಳಗ್ಗೆ ಮೆಜೆಸ್ಟಿಕ್, ಸೆಟ್ ಆ ಕಡೆ ಇದ್ದರೆ ಅಲ್ಲಿಂದ ನೇರಳೆ ಮಾರ್ಗದ ಮೆಟ್ರೊದಲ್ಲಿ ರಾಜರಾಜೇಶ್ವರಿನಗರ, ಕೆಂಗೇರಿ. ಆದರೆ 7 ಗಂಟೆ ಕಾಲ್ ಇರೋ ದಿನ ಇದನ್ನು ನಂಬಬಾರದು, ಹಿಂದಿನ ಸಂಜೆಯೇ ಹೋಗಿರಬೇಕು. ನಾಲ್ಕೈದು ದಿನ ಒಟ್ಟಿಗೆ ಶೂಟ್ ಇಟ್ಟುಕೊಡಿ ಅಂತ ಮೊದಲ ದಿನವೇ ಕೇಳಿ, ಪಿ.ಜಿ.ಯಲ್ಲಿ ದಿನದ ಲೆಕ್ಕಕ್ಕೆ ಉಳಿಯಬಹುದು.

ಬೂಮ್ ಹಿಡಿಯೋನು

ತಾರೀಖಿನ ಮಾತಾಯ್ತು, ಸೆಟ್ಟಿನ ಮಾತು ಹೇಳ್ತೀನಿ. ಧಾರಾವಾಹಿಯಲ್ಲಿ ದಿನಕ್ಕೆ ಸುಮಾರು ಒಂದು ಎಪಿಸೋಡು, ಅಂದರೆ 20–22 ನಿಮಿಷದ ದೃಶ್ಯ ತೆಗೀತಾರೆ. ಸಣ್ಣ ಸಿನಿಮಾದಲ್ಲಿ ದಿನಕ್ಕೆ ಮೂರು ನಾಲ್ಕು ನಿಮಿಷ ಆದರೆ ಪುಣ್ಯ.

ಧಾರಾವಾಹಿಯಲ್ಲಿ ಪ್ರಾಂಪ್ಟಿಂಗ್ ಇರುತ್ತೆ. ಅಸಿಸ್ಟೆಂಟ್ ಸಾಲು ಓದಿ ಮುಗಿಸಿದ ಮೇಲೆ ಒಂದು ಉಸಿರಿನಷ್ಟು ಬಿಟ್ಟು ಶುರು ಮಾಡಬೇಕು. ನಾಟಕದಿಂದ ಬಂದವರಿಗೆ ಸಾಲು ಮೊದಲೇ ಬಾಯಿಗೆ ಬಂದಿರುತ್ತೆ, ಓದುವವರ ದನಿ ಮೇಲೇ ಹತ್ತಿಬಿಡ್ತಾರೆ. ಎರಡು ದನಿ ಕೂಡಿಕೊಂಡರೆ ಎಡಿಟರ್‌ಗೆ ಕತ್ತರಿಸೋಕೆ ಜಾಗ ಇರೋದಿಲ್ಲ, ಆ ಸಾಲು ಡಬ್ಬಿಂಗ್‌ಗೆ ಹೋಗುತ್ತೆ. ಇನ್ನೊಂದು, ಅತ್ತಿಗೆ ಪಾತ್ರದ ಅರ್ಧ ಕೆಲಸ ರಿಯಾಕ್ಷನ್ ಶಾಟ್, ಅಂದರೆ ಬೇರೆಯವರ ಮಾತಿಗೆ ಮುಖದಲ್ಲೇ ಉತ್ತರ ಕೊಡೋದು. ಎದುರಿನವರು ಆಗಲೇ ಕ್ಯಾರವಾನ್‌ಗೆ ಹೋಗಿರ್ತಾರೆ, ಸ್ಟ್ಯಾಂಡಿಗೆ ಅಂಟಿಸಿದ ಟೇಪ್ ಗುರುತನ್ನು ನೋಡಿ ಕಣ್ಣೀರು ತರಿಸಬೇಕು.

ಸಿಂಕ್ ಸೌಂಡಿನಲ್ಲಿ ಪ್ರಾಂಪ್ಟಿಂಗೇ ಇಲ್ಲ, ಪೂರ್ತಿ ಬಾಯಿಪಾಠ. ತಾಯಿ ಪಾತ್ರದಲ್ಲಿ ಸೌಂಡ್‌ನವರಾದ ನಮಗೆ ತಲೆನೋವು ಅಂದರೆ ಗಾಜಿನ ಬಳೆ ಮತ್ತು ಮಾಂಗಲ್ಯ. ರೊಟ್ಟಿ ಬಡಿಯೋ ದೃಶ್ಯದಲ್ಲಿ ಬಳೆ ಸದ್ದು ಮಾತನ್ನೇ ನುಂಗುತ್ತೆ. ಕೈ ಕಾಣದ ಶಾಟಿನಲ್ಲಿ ಬಳೆ ತೆಗೆದಿಡಿ, ಕಾಣೋ ಶಾಟಿನಲ್ಲಿ ಮೊಣಕೈ ಕಡೆಗೆ ಸರಿಸಿ ಒಳಗಡೆ ಟೇಪ್ ಸುತ್ತಿಸಿಕೊಳ್ಳಿ. ಲೇಪಲ್ ಮೈಕ್ (ಬಟ್ಟೆಗೆ ಸಿಕ್ಕಿಸೋ ಪುಟ್ಟ ಮೈಕ್) ರವಿಕೆ ಒಳಗೆ ಇಟ್ಟರೆ ತಾಳಿ ಸರ ಅದಕ್ಕೆ ಉಜ್ಜಿ ಕರಕರ ಅನ್ನುತ್ತೆ, ಸರದ ತುದಿಯನ್ನು ಬಟ್ಟೆಗೆ ಅಂಟಿಸಬೇಕು. ಸೀರೆ ಹತ್ತಿಯದೇ ಇರಲಿ, ಗಂಜಿ ಹಾಕದ್ದು. ಮೈಕ್ ಕಟ್ಟೋಕೆ ಹೆಂಗಸರೇ ಬೇಕು ಅಂತ ಮೊದಲೇ ಹೇಳಿ, ಅದರಲ್ಲಿ ಸಂಕೋಚ ಬೇಡ.

ಗಂಟಲ ವಿಷಯ. ದಾವಣಗೆರೆಯ ವೃತ್ತಿರಂಗಭೂಮಿ ನಟಿ ಚಿಂದೋಡಿ ಲೀಲಾ ಅವರ ಊರಿನವರಿಗೆ ಕೊನೇ ಸಾಲಿಗೆ ಮುಟ್ಟಿಸೋ ದನಿ ಹುಟ್ಟಿನಿಂದಲೇ ಬರುತ್ತೋ ಏನೋ. ಮೈಕ್ ಇರೋದು ಎದೆ ಮೇಲೆ, ಕೊನೇ ಸಾಲು ಅಲ್ಲೇ ಇದೆ ಅಂತ ತಿಳೀಬೇಕು.

ಲೆಕ್ಕದ ಪುಸ್ತಕ

"ಮಾರಾಟ ಆದಮೇಲೆ" ಅನ್ನೋದನ್ನು ಒಪ್ಪಬೇಡಿ. ಸಣ್ಣ ಸಿನಿಮಾ ಓಟಿಟಿಗೆ ಹೋಗದೆಯೂ ಇರಬಹುದು, ಸರ್ಕಾರದ ಸಹಾಯಧನ ಬರೋಕೆ ವರ್ಷಗಳೇ ಹಿಡೀಬಹುದು. ದಿನಕ್ಕೆ ಇಷ್ಟು ಅಂತ ಕಡಿಮೆಯಾದರೂ ಸರಿ, ಒಂದು ಮೊತ್ತ ಗಟ್ಟಿ ಮಾಡಿ. ಲಾಭದಲ್ಲಿ ಪಾಲು ಕೊಡ್ತೀವಿ ಅಂದರೆ ಅದು ಮೇಲಿಂದ. ಮೂರನೇ ಒಂದು ಭಾಗ ಲುಕ್ ಟೆಸ್ಟ್ (ಪಾತ್ರದ ವೇಷ ಹಾಕಿ ನೋಡೋ) ದಿನ, ಇನ್ನೊಂದು 9ನೇ ದಿನ, ಉಳಿದದ್ದು ಕೊನೇ ದಿನದ ಹಿಂದಿನ ದಿನ. ಕೊನೆಯದನ್ನು ಯಾಕೆ ಒತ್ತಿ ಹೇಳ್ತೀನಂದ್ರೆ, ಡಬ್ಬಿಂಗ್ ಇರೋ ಸಿನಿಮಾದಲ್ಲಿ ಬಾಕಿ ಕೊಡದಿದ್ದರೆ ಡಬ್ಬಿಂಗ್‌ಗೆ ಬರೋದಿಲ್ಲ ಅನ್ನೋ ಹಿಡಿತ ಕಲಾವಿದರ ಕೈಲಿರುತ್ತೆ. ಸಿಂಕ್ ಸೌಂಡಿನಲ್ಲಿ ಕೊನೇ ಶಾಟ್ ಮುಗಿದ ಮೇಲೆ ಆ ಹಿಡಿತ ಹೋಯ್ತು.

ಊಟ, ಉಳಿಯೋ ವ್ಯವಸ್ಥೆ, ದಾವಣಗೆರೆ–ಹಿರಿಯೂರು ಓಡಾಟ, ಬಾಟಾ (ದಿನಭತ್ಯೆ) ಎಲ್ಲ ಸಂಭಾವನೆಗೆ ಹೊರತು ಅಂತ ಬರೆಸಿ. ಧಾರಾವಾಹಿಯಲ್ಲಿ ದುಡ್ಡು ಬರೋದು ಕೆಲಸ ಮಾಡಿದ 45–90 ದಿನದ ಮೇಲೆ, ಅಷ್ಟು ದಿನದ ಖರ್ಚು ಕೈಲಿರಬೇಕು. ಪೋಷಕ ಪಾತ್ರದವರು ಸೀರೆ ತಾವೇ ತರಬೇಕಾದ ಕಡೆ ಕಾಸ್ಟ್ಯೂಮ್ ಭತ್ಯೆ ಕೇಳಿ. ಸಣ್ಣ ಚೌಕಳಿ, ಹತ್ತಿರದ ಗೆರೆ ಇರೋ ಸೀರೆ ತಗೊಂಡು ಹೋಗಬೇಡಿ, ಕ್ಯಾಮೆರಾದಲ್ಲಿ ನೀರಿನ ಅಲೆಯಂತೆ ಆಡುತ್ತೆ.

ತೆರಿಗೆ: ಒಬ್ಬರೇ ನಿರ್ಮಾಪಕರಿಂದ ವರ್ಷಕ್ಕೆ 50,000 ರೂ. ದಾಟಿದರೆ 10% ಟಿಡಿಎಸ್ (ದುಡ್ಡು ಕೊಡುವಾಗಲೇ ಮುರಿಯೋ ತೆರಿಗೆ) ಹಿಡೀತಾರೆ (2025ರ ಏಪ್ರಿಲ್‌ಗೆ ಮೊದಲು 30,000 ಇತ್ತು). ಪ್ಯಾನ್ ಕೊಡದಿದ್ದರೆ 20%. ಸಿನಿಮಾ ಕಲಾವಿದರು ಬಂದ ಹಣದ ಅರ್ಧವನ್ನೇ ಆದಾಯ ಅಂತ ತೋರಿಸೋ ಸರಳ ಪದ್ಧತಿ ಇದೆ, ಹಿಡಿದ ದುಡ್ಡು ಸಾಮಾನ್ಯವಾಗಿ ವಾಪಸ್ ಬರುತ್ತೆ. ರಿಟರ್ನ್ಸ್ ಹಾಕದೆ ಅದನ್ನು ಸರ್ಕಾರಕ್ಕೇ ಬಿಟ್ಟುಕೊಡಬೇಡಿ.

ಚಂದ್ರವಳ್ಳಿ

ಎರಡು ಸಣ್ಣ ಮಾತು. ಹರಿಹರದ ಕಡೆ "ಐತಿ", ಹಿರಿಯೂರಿನ ಕಡೆ "ಐತೆ". ಬೆಂಗಳೂರಿನ ಸೆಟ್ಟಿನಲ್ಲಿ ಇದೆಲ್ಲ ಒಂದೇ "ಉತ್ತರ ಕರ್ನಾಟಕ ಭಾಷೆ", ಕೇಳಿದ ಕೂಡಲೇ ಮನೆಕೆಲಸದವಳ ಹಾಸ್ಯ ಪಾತ್ರ ಕೊಡ್ತಾರೆ. ಆಡಿಷನ್ ವಿಡಿಯೋದಲ್ಲಿ ಒಂದು ತುಣುಕು ಪುಸ್ತಕದ ಕನ್ನಡದಲ್ಲಿ, ಇನ್ನೊಂದು ಊರ ಮಾತಿನಲ್ಲಿ ಇರಲಿ. ಹಾಗಂತ ಹಾಸ್ಯ ಪಾತ್ರ ಕೀಳೇನಲ್ಲ. ಉಮಾಶ್ರೀ ಎಷ್ಟೋ ವರ್ಷ ಅಂಥವನ್ನು ಮಾಡಿಯೇ 55ನೇ ರಾಷ್ಟ್ರೀಯ ಪ್ರಶಸ್ತಿಯಲ್ಲಿ ಶ್ರೇಷ್ಠ ನಟಿ ಆದರು.

10 ಅಥವಾ ಅದಕ್ಕಿಂತ ಹೆಚ್ಚು ಜನ ಕೆಲಸ ಮಾಡೋ ಕಡೆ 2013ರ ಕಾಯ್ದೆ ಪ್ರಕಾರ ಲೈಂಗಿಕ ಕಿರುಕುಳದ ದೂರು ಕೇಳೋಕೆ ಆಂತರಿಕ ಸಮಿತಿ ಇರಬೇಕು. ಸಿನಿಮಾ ತಂಡದಲ್ಲಿ ಇಲ್ಲದಿದ್ದರೆ ಜಿಲ್ಲೆಯ ಸ್ಥಳೀಯ ಸಮಿತಿಗೆ ಹೋಗಬಹುದು, ಘಟನೆ ಆದ 3 ತಿಂಗಳೊಳಗೆ ದೂರು ಕೊಡಬೇಕು. ಸಮಿತಿಯಲ್ಲಿ ಯಾರಿದ್ದಾರೆ ಅಂತ ಮೊದಲೇ ಕೇಳಿದರೆ ತಂಡ ಎಂಥದ್ದು ಅನ್ನೋದೂ ಗೊತ್ತಾಗುತ್ತೆ.

ಕುಂದವಾಡ ಕೆರೆ

ಎಲ್ಲರಿಗೂ ಶರಣು. ಒಂದು ಬಿಟ್ಟಿದ್ದೆ: ಸಿನಿಮಾದವರು ಹುಬ್ಬು ತೆಗೆಸಬೇಡಿ ಅಂದಿದ್ದಾರೆ, ಧಾರಾವಾಹಿಯವರಿಗೆ ತಿದ್ದಿದ ಹುಬ್ಬೇ ಬೇಕಂತೆ.

ಬಾತಿ ಗುಡ್ಡ

ಹುಬ್ಬು ಮೊದಲಿನಂತೆ ಬೆಳೆಯೋಕೆ ವಾರಗಟ್ಟಲೆ ಬೇಕು, ಸಿನಿಮಾದ್ದೇ ಗೆಲ್ಲಲಿ. ಧಾರಾವಾಹಿ ಮೇಕಪ್‌ನವರು ಅಂಚನ್ನು ಕನ್ಸೀಲರ್‌ನಲ್ಲಿ ಮುಚ್ಚಿ ಪೆನ್ಸಿಲ್‌ನಲ್ಲಿ ತಿದ್ದಬಹುದು. ಅದಕ್ಕಿಂತ ಅಪಾಯ ಮೆಹೆಂದಿ. ಮದುವೆ ಎಪಿಸೋಡಿಗೆ ಕೈಗೆ ಹಚ್ಚಿಬಿಟ್ಟರೆ 10–15 ದಿನ ಹೋಗೋದಿಲ್ಲ, ಆಮೇಲೆ ಹೊಲದಲ್ಲಿ ಶೇಂಗಾ ಕೀಳೋ ತಾಯಿಯ ಅಂಗೈ ತುಂಬ ಬಳ್ಳಿ! ಸ್ಟಿಕರ್ ಮೆಹೆಂದಿ ಎರಡು ಜೊತೆ ಅವರೇ ಬ್ಯಾಗಿನಲ್ಲಿ ಇಟ್ಟುಕೊಂಡಿರಲಿ.