ಬೀಗವೋ ಪರದೆಯೋ: ಬ್ಯಾಚ್ ಗುಂಪಿನಲ್ಲಿ ಡೈರೆಕ್ಷನಲ್ ಮಾಡ್ಯುಲೇಷನ್ ಜಗಳ

ಗಿರೀಶ: (ಫಾರ್ವರ್ಡ್ ಆಗಿದ್ದು) "ಇನ್ನು ಎನ್‌ಕ್ರಿಪ್ಷನ್ ಬೇಡ! ಎಂಟು ಆಂಟೆನಾಗಳ ಒಂದು ಸಾಲು ಸಾಕು. ಬೇಕಾದ ದಿಕ್ಕಿಗೆ ಮಾತ್ರ ಡೇಟಾ, ಉಳಿದೆಲ್ಲ ಕಡೆ ಬರೀ ಗದ್ದಲ. ಕದ್ದು ಕೇಳುವುದು ಅಸಾಧ್ಯ."

ಗಿರೀಶ: ಡೈರೆಕ್ಷನಲ್ ಮಾಡ್ಯುಲೇಷನ್ (ಡಿಎಂ) ಬಗ್ಗೆ, ಅಂದ್ರೆ ಬೇಕಾದ ದಿಕ್ಕಿನಲ್ಲಿ ಮಾತ್ರ ಸಿಗ್ನಲ್ ಸರಿಯಾಗಿ ಸಿಗೋ ಹಾಗೆ ಕಳಿಸೋದು. 8 ಚಾನೆಲ್ ಎಸ್‌ಡಿಆರ್ (ಸಾಫ್ಟ್‌ವೇರ್‌ನಿಂದ ನಡೆಯೋ ರೇಡಿಯೋ) ಇದ್ದರೆ 2.4 ಗಿಗಾಹರ್ಟ್ಸ್‌ನಲ್ಲಿ ಯಾರು ಬೇಕಾದ್ರೂ ಮಾಡಬಹುದು. ಏನಂತೀರಿ?

ಮಂಜು: "ಅಸಾಧ್ಯ" ಅಂತ ಬರೆದಿದ್ದಾರಲ್ಲ, ಅಲ್ಲೇ ಓದೋದು ನಿಲ್ಲಿಸಿದೆ. ಕೀ ಇಲ್ಲದ ಗುಟ್ಟು ಎಂಥ ಗುಟ್ಟು ಮಾರಾಯ? ಇದು ಹಳೇ ಬೀಮ್‌ಫಾರ್ಮಿಂಗ್‌ಗೆ (ಹಲವು ಆಂಟೆನಾ ಸೇರಿಸಿ ಶಕ್ತಿಯನ್ನ ಒಂದೇ ದಿಕ್ಕಿಗೆ ಕಳಿಸೋದು) ಹೊಸ ಅಂಗಿ.

ಶೈಲಾ: ಮಂಜು, ಬೀಮ್‌ಫಾರ್ಮಿಂಗ್ ಅಲ್ಲ ಕಣೋ. ಬೀಮ್‌ಫಾರ್ಮಿಂಗ್‌ನಲ್ಲಿ ಪಕ್ಕದ ದಿಕ್ಕಿಗೂ ಹೋಗೋದು ಅದೇ ಕಾನ್ಸ್ಟೆಲೇಷನ್ (ಡೇಟಾ ಸಿಂಬಲ್‌ಗಳನ್ನ ತೋರಿಸೋ ಚುಕ್ಕಿಗಳ ನಕ್ಷೆ), ಶಕ್ತಿ ಮಾತ್ರ ಕಮ್ಮಿ. 8 ಎಲಿಮೆಂಟ್ ಸಾಲಿನ ಮೊದಲ ಸೈಡ್‌ಲೋಬ್ (ಮುಖ್ಯ ಬೀಮ್ ಪಕ್ಕದ ಚಿಕ್ಕ ಬೀಮ್) ಸುಮಾರು 13 ಡಿಬಿ ಕೆಳಗಿರುತ್ತೆ. ಈವ್ (ಕದ್ದು ಕೇಳೋಳು) ಅಷ್ಟು ಗೇನ್ ಇರೋ ಡಿಶ್ ಹಿಡಿದರೆ ಮುಗೀತು. ಡಿಎಂನಲ್ಲಿ ಪಕ್ಕಕ್ಕೆ ಹೋಗೋ ಚುಕ್ಕಿಗಳೇ ಕಲಸಿ ಹೋಗಿರ್ತವೆ. ಡಿಶ್ ದೊಡ್ಡದು ಮಾಡಿದಷ್ಟೂ ಕಲಸಿದ್ದೇ ಜೋರಾಗಿ ಬರುತ್ತೆ.

ಶೈಲಾ: ಹಾಗಂತ ಗಿರೀಶನ ಫಾರ್ವರ್ಡ್ ಸರಿ ಅಂತಲ್ಲ.

ಗಿರೀಶ: ಅಂತೂ ಅರ್ಧ ಗೆದ್ದೆ 😀

ಮಂಜು: ಕಲಸಿದ್ದು ಪ್ರತಿ ಸಲ ಒಂದೇ ಥರ ಕಲಸಿದ್ರೆ? ಕ್ಯೂಪಿಎಸ್‌ಕೆಯ ನಾಲ್ಕು ಚುಕ್ಕಿ ಓರೆಕೋರೆಯಾಗಿ ಬಂದ್ರೂ ನಾಲ್ಕೇ ತಾನೆ. ಸ್ವಲ್ಪ ಹೊತ್ತು ರೆಕಾರ್ಡ್ ಮಾಡಿ ಕ್ಲಸ್ಟರಿಂಗ್ ಹಾಕಿದ್ರೆ ಯಾವುದು ಯಾವುದು ಅಂತ ಕೂತಲ್ಲೇ ತಿಳಿಯುತ್ತೆ.

ಶೈಲಾ: ಈ ಮಾತು ಸರಿ. ಅದು ಸ್ಟ್ಯಾಟಿಕ್ ಡಿಎಂನ ರೋಗ. 2008ರಲ್ಲಿ ಬಾಬಾಖಾನಿ, ರಟ್ಲೆಡ್ಜ್, ಹಾಜಿಮಿರಿ 60 ಗಿಗಾಹರ್ಟ್ಸ್‌ನಲ್ಲಿ ಆಂಟೆನಾ ಸುತ್ತ ರಿಫ್ಲೆಕ್ಟರ್ ಇಟ್ಟು, ಅವುಗಳ ಸ್ವಿಚ್ ಬದಲಿಸಿ ಕಾನ್ಸ್ಟೆಲೇಷನ್ ಕಟ್ಟಿದರು. 2009ರಲ್ಲಿ ಡೇಲಿ, ಬರ್ನ್‌ಹಾರ್ಡ್ ಅದನ್ನೇ ಫೇಸ್ಡ್ ಅರೇಗೆ ತಂದರು, ಪ್ರತಿ ಸಿಂಬಲ್‌ಗೂ ಫೇಸ್ ಶಿಫ್ಟರ್ ಬೇರೆ ಬೇರೆ. ಸಿಂಬಲ್‌ಗೆ ಒಂದೇ ಸೆಟ್ಟಿಂಗ್ ಅಂದ್ರೆ ನೀನು ಹೇಳಿದ ದಾಳಿ ನಡೆಯುತ್ತೆ. ಅದಕ್ಕೇ ಡೈನಾಮಿಕ್: ಅದೇ ಸಿಂಬಲ್ ಮತ್ತೆ ಬಂದಾಗಲೂ ವೇಯ್ಟ್‌ಗಳು (ಒಂದೊಂದು ಆಂಟೆನಾಗೂ ಕೊಡೋ ಫೇಸ್, ಆಂಪ್ಲಿಟ್ಯೂಡ್) ಹೊಸದು.

ಗಿರೀಶ: ಅದು ಹೇಗೆ ಅಂತ ಬಿಡಿಸಿ ಹೇಳು. ಕೋಡ್ ನಾನು ಬರೀತೀನಿ.

ಶೈಲಾ: ಬಾಬ್ (ಡೇಟಾ ತಲುಪಬೇಕಾದವನು) ಕಡೆಗಿನ ಚಾನೆಲ್ ವೆಕ್ಟರ್ ಎಚ್ ಅನ್ಕೋ, ಒಂದೊಂದು ಆಂಟೆನಾದಿಂದ ಅವನವರೆಗೆ ಸಿಗ್ನಲ್ ಹೇಗೆ ಬದಲಾಗುತ್ತೆ ಅಂತ ಹೇಳೋ ಎಂಟು ಕಾಂಪ್ಲೆಕ್ಸ್ ಸಂಖ್ಯೆ. ಡೇಟಾ ಸಿಂಬಲ್ಲನ್ನ ಎಚ್‌ನ ಕಾಂಜುಗೇಟ್‌ನಿಂದ ಗುಣಿಸಿ ಎಂಟು ಚಾನೆಲ್‌ಗೆ ಹಂಚು. ಆಮೇಲೆ ಎಂಟು ಗಾಸಿಯನ್ ರ‍್ಯಾಂಡಮ್ ಸಂಖ್ಯೆ ತಗೊಂಡು, ಅದರಲ್ಲಿ ಬಾಬ್ ಕಡೆಗೆ ಹೋಗೋ ಪಾಲನ್ನ ಕಳೆದುಬಿಡು. ಉಳಿದದ್ದು ಏಳು ಆಯಾಮದ ನಲ್-ಸ್ಪೇಸ್‌ನಲ್ಲಿರುತ್ತೆ, ಬಾಬ್ ಹತ್ತಿರ ಕೂಡಿದಾಗ ಸೊನ್ನೆ. ಅದೇ ಆರ್ಟಿಫಿಷಿಯಲ್ ನಾಯ್ಸ್. ಎರಡನ್ನೂ ಕೂಡಿಸಿ ಕಳಿಸು, ಪ್ರತಿ ಸಿಂಬಲ್‌ಗೂ ನಾಯ್ಸ್ ಹೊಸದು. ನೇಗಿ, ಗೋಯಲ್ 2005ರಲ್ಲೇ ಹೇಳಿದ ಉಪಾಯ ಇದು. ಒಂದು ಎಚ್ಚರ: ನಾಯ್ಸ್ ಕೂಡ ಡೇಟಾದ ಪಲ್ಸ್-ಶೇಪಿಂಗ್ ಫಿಲ್ಟರ್‌ನಲ್ಲೇ ಹಾಯಬೇಕು. ಫಿಲ್ಟರ್ ಆದ ಮೇಲೆ ಕೂಡಿಸಿದ್ರೆ ಅದು ಬ್ಯಾಂಡ್ ಆಚೆಗೂ ಚೆಲ್ಲುತ್ತೆ. ಆಚೆ ಚೆಲ್ಲಿದ್ದನ್ನ ಈವ್ ಫಿಲ್ಟರ್ ಹಾಕಿ ಬಿಸಾಕ್ತಾಳೆ, ಸ್ಪೆಕ್ಟ್ರಮ್ ಮಾಸ್ಕ್ ಬೇರೆ ಮುರಿಯುತ್ತೆ.

ಮಂಜು: ರ‍್ಯಾಂಡಮ್ ಅಂದ್ರೆ ನಿಜವಾಗ್ಲೂ ರ‍್ಯಾಂಡಮ್ ಇರಲಿ. ಚಿಕ್ಕ ಶಿಫ್ಟ್ ರಿಜಿಸ್ಟರ್‌ನಿಂದ ತೆಗೆದ್ರೆ ಈವ್ ಸೀಕ್ವೆನ್ಸ್ ಊಹಿಸಿ ಕಳೆದುಬಿಡ್ತಾಳೆ.

ಗಿರೀಶ: ಸರಿ. ಒಟ್ಟು ಶಕ್ತಿಯಲ್ಲಿ ನಾಯ್ಸ್‌ಗೆ ಎಷ್ಟು? ಶೇ 20 ಸಾಕಲ್ವಾ? ಬಾಬ್‌ಗೆ ನಷ್ಟ ಬರೀ 1 ಡಿಬಿ.

ಶೈಲಾ: ಲೆಕ್ಕ ಹಾಕಿದೆ. 8 ಎಲಿಮೆಂಟ್, ಅರ್ಧ ಲ್ಯಾಂಬ್ಡಾ (ತರಂಗಾಂತರ) ಅಂತರ, ಬಾಬ್ ನೇರ ಎದುರಿಗೆ. ಈವ್ ರಿಸೀವರ್‌ನಲ್ಲಿ ಥರ್ಮಲ್ ನಾಯ್ಸ್ ಸೊನ್ನೆ ಅಂತ ಇಟ್ಕೊಂಡೆ, ಕೆಟ್ಟ ಪರಿಸ್ಥಿತಿ ಅದೇ ತಾನೆ.
ಶೇ 20 ನಾಯ್ಸ್ ಇದ್ದಾಗ ಈವ್ 5 ಡಿಗ್ರಿ ಪಕ್ಕದಲ್ಲಿದ್ರೆ ಅವಳಿಗೆ ಸಿಗೋ ಎಸ್‌ಐಎನ್‌ಆರ್ (ಗದ್ದಲಕ್ಕೆ ಹೋಲಿಸಿದ ಸಿಗ್ನಲ್ ಶಕ್ತಿ) 17 ಡಿಬಿ. 10 ಡಿಗ್ರಿಯಲ್ಲಿ 6.7. ಮೊದಲ ಸೈಡ್‌ಲೋಬ್, ಅಂದ್ರೆ 21 ಡಿಗ್ರಿ ಹತ್ರ, 1.9.

ಗಿರೀಶ: 6.7 ಡಿಬಿಗೆ ಬಿಟ್ ಎರರ್ ಶೇ ಒಂದೂವರೆ ಬರುತ್ತೆ. ಅಷ್ಟು ತಪ್ಪಿದ್ರೆ ಫೈಲ್ ಹಾಳು.

ಮಂಜು: ಎಫ್‌ಇಸಿ (ತಪ್ಪು ತಿದ್ದೋ ಕೋಡ್) ಮರೆತೆಯಾ? 🤦 ಉಪಗ್ರಹ ಟಿವಿಯ ಡಿವಿಬಿ-ಎಸ್2ರ ಕ್ಯೂಪಿಎಸ್‌ಕೆ 9/10 ಕೋಡ್‌ಗೇ (ಹತ್ತು ಬಿಟ್‌ನಲ್ಲಿ ಒಂಬತ್ತು ಡೇಟಾ) 6.42 ಡಿಬಿ ಸಾಕು. 1/2 ಕೋಡ್‌ಗೆ 1.00. ನೀನು 1/2 ಹಾಕಿದ್ರೆ ಸೈಡ್‌ಲೋಬ್‌ನಲ್ಲಿ ಕೂತವಳೂ ಒಂದು ಬಿಟ್ ತಪ್ಪದೆ ಓದ್ತಾಳೆ. ಬಾಬ್‌ಗೆ ಅಂತ ಹಾಕಿದ ಕೋಡ್ ಅವಳಿಗೂ ಅಷ್ಟೇ ದುಡಿಯುತ್ತೆ.

ಶೈಲಾ: ಹೌದು. ಪೇಪರ್‌ಗಳಲ್ಲಿ ಕೋಡಿಂಗ್ ಇಲ್ಲದ ಬಿಟ್ ಎರರ್‌ನ ಗ್ರಾಫ್ ಹಾಕ್ತಾರೆ, ಬಾಬ್ ಹತ್ರ ಚೂಪಾದ ಕಣಿವೆ ಕಾಣುತ್ತೆ, ಎಲ್ಲರಿಗೂ ಖುಷಿ. ಡಿಕೋಡರ್ ಆದ ಮೇಲೆ ಅಳೆದ್ರೆ ಅದೇ ಕಣಿವೆ ಬಾಣಲೆ ಆಗಿರುತ್ತೆ.
ಶೇ 50 ಮಾಡು. 5 ಡಿಗ್ರಿಯಲ್ಲಿ ಇನ್ನೂ 11.4 ಡಿಬಿ, ಅಲ್ಲಿ ಏನೂ ಮಾಡಕ್ಕಾಗಲ್ಲ. 10 ಡಿಗ್ರಿಯಲ್ಲಿ 0.7, 1/2 ಕೋಡ್ ಕೂದಲೆಳೆಯಲ್ಲಿ ಕೈಕೊಡುತ್ತೆ. ಸೈಡ್‌ಲೋಬ್‌ನಲ್ಲಿ ಮೈನಸ್ 4. 9/10 ಕೋಡ್ ಹಾಕಿದ್ರೆ ಗಡಿ ಏಳೂವರೆ ಡಿಗ್ರಿಗೆ ಬಂದು ನಿಲ್ಲುತ್ತೆ. ಅಂದ್ರೆ ಕೋಡ್ ಬಲ ಕಮ್ಮಿ ಮಾಡಿದಷ್ಟೂ ಕಿಂಡಿ ಸಣ್ಣದು. ಬಾಬ್‌ಗೆ ಹೆಚ್ಚುವರಿ ಮಾರ್ಜಿನ್ ಇದ್ರೆ ಕೋಡ್ ರೇಟ್ ಏರಿಸು, ನಾಯ್ಸ್ ಪಾಲು ಏರಿಸು. ಮಾರ್ಜಿನ್ ಉಳಿಸಿಕೊಂಡು ಕೂತ್ರೆ ಅದು ಈವ್‌ಗೆ ಕೊಟ್ಟ ದಾನ.

ಗಿರೀಶ: ಬಾಬ್‌ಗೆ 3 ಡಿಬಿ ನಷ್ಟ ಆಯ್ತಲ್ಲ!

ಶೈಲಾ: ಆಯ್ತು. ಪುಕ್ಕಟೆ ಎಲ್ಲಿ ಸಿಗುತ್ತೆ?

ಮಂಜು: ಇಷ್ಟೆಲ್ಲ ಮಾಡಿದ್ರೂ ಈವ್ ತಾನೂ ಎಂಟು ಆಂಟೆನಾ ಇಟ್ಟುಕೊಂಡ್ರೆ ನಾಯ್ಸ್ ಬೇರೆ ಡೇಟಾ ಬೇರೆ ಮಾಡ್ತಾಳೆ. ಮುಗೀತು ಕಥೆ.

ಶೈಲಾ: ಇಲ್ಲಿ ಎಡವಿದೆ ನೋಡು. ಎಂಟನ್ನೂ ಒಂದೇ ಜಾಗದಲ್ಲಿ ಇಟ್ಟರೆ ಏನೂ ಉಪಯೋಗ ಇಲ್ಲ. ಬಯಲಲ್ಲಿ, ದೂರದಲ್ಲಿ, ಒಂದು ದಿಕ್ಕಿಗೆ ಬರೋದು ಎಂಟು ಚಾನೆಲ್ ಕೂಡಿ ಆದ ಒಂದೇ ಸಂಖ್ಯೆ. ಅವಳ ಎಂಟು ಆಂಟೆನಾಗೂ ಅದೇ ಸಂಖ್ಯೆ, ಫೇಸ್ ಮಾತ್ರ ಬೇರೆ. ಥರ್ಮಲ್ ನಾಯ್ಸ್ ಇಳಿಯುತ್ತೆ, ಆರ್ಟಿಫಿಷಿಯಲ್ ನಾಯ್ಸ್ ಇಳಿಯಲ್ಲ. ಎಂಟು ಬೇರೆ ಬೇರೆ ದಿಕ್ಕಿನಲ್ಲಿ ಎಂಟು ರಿಸೀವರ್ ಇಟ್ಟು, ಸಿಂಕ್ ಮಾಡಿ, ರೆಕಾರ್ಡಿಂಗ್ ಒಂದು ಕಡೆ ಸೇರಿಸಿದ್ರೆ ನೀನು ಹೇಳಿದ್ದು ನಿಜ. ಎಂಟು ಸಮೀಕರಣ, ಎಂಟು ಅಜ್ಞಾತ.

ಮಂಜು: ಒಪ್ಪಿದೆ. ಆದ್ರೆ ನಾಯ್ಸ್ ಏಳೂ ಆಯಾಮದಲ್ಲಿ ಹರಡಿದ್ರೆ ಮಾತ್ರ ಎಂಟು ರಿಸೀವರ್ ಬೇಕು. ಕೆಲಸ ಉಳಿಸೋಕೆ ಅಂತ ಒಂದೇ ಆರ್ಥೋಗನಲ್ ವೆಕ್ಟರ್ ಬಳಸಿದ್ರೆ ಎರಡೇ ಸಾಕು.

ಶೈಲಾ: ಸರಿಯಾಗಿ ಹೇಳಿದೆ. ಗಿರೀಶ, ಇದನ್ನ ಕೋಡ್‌ನಲ್ಲಿ ಕಾಮೆಂಟ್ ಆಗಿ ಬರೆದಿಟ್ಕೋ.

ನಾಗೇಶ್ ಸರ್: ಎಲ್ಲರೂ ಕಾಗದದ ಮೇಲಿನ ಕೋನದ ಬಗ್ಗೆಯೇ ಮಾತಾಡ್ತಿದ್ದೀರಿ. ಅಡ್ಡ ಸಾಲಿನ ಅರೇಗೆ ಮೇಲೆ–ಕೆಳಗೆ ಗೊತ್ತಾಗುತ್ತಾ?

ಗಿರೀಶ: ಅರ್ಥ ಆಗ್ಲಿಲ್ಲ ಸರ್.

ನಾಗೇಶ್ ಸರ್: ಎಂಟು ಪ್ಯಾಚ್ (ಚಪ್ಪಟೆ ಆಂಟೆನಾ) ಒಂದೇ ಅಡ್ಡ ಗೆರೆಯಲ್ಲಿವೆ. ಬಾಬ್ ನೇರ ಎದುರಿಗಿದ್ದಾನೆ. ಅವನ ತಲೆಯ ಮೇಲಿನ ಮಹಡಿಯಲ್ಲಿ ಒಬ್ಬಳು ಕೂತಿದ್ದಾಳೆ. ಎಂಟೂ ಪ್ಯಾಚ್‌ನಿಂದ ಬಾಬ್‌ಗೆ ಎಷ್ಟು ಫೇಸ್ ವ್ಯತ್ಯಾಸವೋ ಅವಳಿಗೂ ಅಷ್ಟೇ, ಸೊನ್ನೆ. ಅಂದರೆ ಆ ಲಂಬ ಸಮತಲ ಪೂರ್ತಿ ಅವಳಿಗೆ ಕಾನ್ಸ್ಟೆಲೇಷನ್ ಶುಭ್ರವಾಗಿ ಕಾಣುತ್ತೆ. ಅರೇಯ ಬೆನ್ನ ಹಿಂದೆ ಕೂತರೂ ಅದೇ.

ಗಿರೀಶ: ಹಿಂದೆ ಗ್ರೌಂಡ್ ಪ್ಲೇನ್ ಇದೆಯಲ್ಲ ಸರ್, ಅಲ್ಲಿ 20 ಡಿಬಿ ಬಿದ್ದು ಹೋಗುತ್ತೆ.

ನಾಗೇಶ್ ಸರ್: ಡೇಟಾ 20 ಡಿಬಿ ಬೀಳುತ್ತೆ, ನಾಯ್ಸ್ ಅಂತೂ ಆ ದಿಕ್ಕಿನಲ್ಲಿ ಮೊದಲೇ ಸೊನ್ನೆ. ಅನುಪಾತ ಕೆಡೋದಿಲ್ಲ. ಅವಳು ಹತ್ತಿರ ಬಂದರೆ ಅಥವಾ ಗೇನ್ ಹಾಕಿದರೆ ಸರಿಹೋಯಿತು. ಗ್ರೇಟಿಂಗ್ ಲೋಬ್‌ಗೂ (ಅಂತರ ಹೆಚ್ಚಾದಾಗ ಹುಟ್ಟುವ ಮುಖ್ಯ ಬೀಮಿನ ನಕಲು) ಇದೇ ಮಾತು. ಜಾಗ ಸಾಕು ಅಂತ ಅಂತರವನ್ನ 0.7 ಲ್ಯಾಂಬ್ಡಾ ಮಾಡಿ ಬೀಮನ್ನ 30 ಡಿಗ್ರಿಗೆ ತಿರುಗಿಸಿದರೆ, ಆಚೆ ಕಡೆ ಸುಮಾರು 68 ಡಿಗ್ರಿಯಲ್ಲಿ ಇನ್ನೊಬ್ಬ ಬಾಬ್ ಹುಟ್ಟುತ್ತಾನೆ. ನೀವು ಕರೆಯದ ಬಾಬ್.

ಮಂಜು: 😂😂 ಸರ್ ಒಂದೇ ಏಟಿಗೆ!

ಗಿರೀಶ: ಹಾಗಾದ್ರೆ 4×4 ಪ್ಲೇನಾರ್ ಮಾಡೋಣ.

ಶೈಲಾ: ಮೇಲೆ–ಕೆಳಗಿನ ಸಮಸ್ಯೆ ಹೋಗುತ್ತೆ. ಆದ್ರೆ ಒಂದೊಂದು ಅಕ್ಷದಲ್ಲಿ ನಾಲ್ಕೇ ಎಲಿಮೆಂಟ್, ಬೀಮ್ ಅಗಲ 13 ಡಿಗ್ರಿ ಇದ್ದದ್ದು 26 ಆಗುತ್ತೆ. 16 ಚಾನೆಲ್ ಖರ್ಚು ಮಾಡಿ ಕಿಂಡಿ ದೊಡ್ಡದು. 8×8ಕ್ಕೆ ಹೋದ್ರೆ ಎರಡೂ ಕಡೆ 13, ಚಾನೆಲ್ 64. ಮಿಲಿಮೀಟರ್ ವೇವ್‌ನಲ್ಲಿ ಇದು ಓಡೋಕೆ ಕಾರಣವೇ ಇದು: 28 ಗಿಗಾಹರ್ಟ್ಸ್‌ನಲ್ಲಿ ಅರ್ಧ ಲ್ಯಾಂಬ್ಡಾ ಬರೀ 5.4 ಮಿಮೀ. 2.4ರಲ್ಲಿ 62.5 ಮಿಮೀ.

ಗಿರೀಶ: ಬಾಬ್‌ನ ಗೆರೆಯಲ್ಲೇ ಅವನ ಮುಂದೆ ಒಬ್ಬ ನಿಂತ್ರೆ? ಅದಕ್ಕೆ ಫ್ರೀಕ್ವೆನ್ಸಿ ಡೈವರ್ಸ್ ಅರೇ ಇದೆಯಲ್ಲ. ಒಂದೊಂದು ಎಲಿಮೆಂಟ್‌ಗೆ ಸ್ವಲ್ಪ ಸ್ವಲ್ಪ ಬೇರೆ ಫ್ರೀಕ್ವೆನ್ಸಿ. ಆಗ ಕೋನದಿಂದ ಮಾತ್ರ ಅಲ್ಲ, ದೂರದಿಂದಲೂ ಭದ್ರತೆ ಸಿಗುತ್ತೆ ಅಂತ ಎಷ್ಟೋ ಪೇಪರ್ ಇವೆ.

ಶೈಲಾ: ಇವೆ. 2006ರಲ್ಲಿ ಆಂಟೊನಿಕ್ ಮತ್ತು ಜೊತೆಯವರು ರೇಡಾರ್‌ಗೆ ಅಂತ ತಂದ ಅರೇ ಅದು, ಆಮೇಲೆ ಭದ್ರತೆಯವರು ಎತ್ತಿಕೊಂಡರು. ಬಹಳ ಪೇಪರ್‌ಗಳಲ್ಲಿ ಸಮಯವನ್ನ ಒಂದು ಕ್ಷಣಕ್ಕೆ ನಿಲ್ಲಿಸಿ ಪ್ಯಾಟರ್ನ್ ಬಿಡಿಸ್ತಾರೆ, ಬಾಬ್ ಇರೋ ದೂರದಲ್ಲಿ ಮಾತ್ರ ಗುಡ್ಡ ಕಾಣುತ್ತೆ. ಆದ್ರೆ ಆ ಗುಡ್ಡ ನಿಂತಿರಲ್ಲ, ಬೆಳಕಿನ ವೇಗದಲ್ಲಿ ಓಡ್ತಿರುತ್ತೆ. ಬಾಬ್‌ಗಿಂತ 30 ಮೀಟರ್ ಮುಂದೆ ನಿಂತವಳಿಗೆ ಅದೇ ಸಿಗ್ನಲ್ 100 ನ್ಯಾನೋಸೆಕೆಂಡ್ ಮೊದಲೇ ಸಿಕ್ಕಿರುತ್ತೆ. ಅದೇ ಗೆರೆ ಅಂದ್ರೆ ಅದೇ ಸಿಗ್ನಲ್, ತಡ ಮಾತ್ರ ಬೇರೆ.

ಮಂಜು: ಗಿರೀಶ, ಎರಡನೇ ವಿಕೆಟ್.

ಗಿರೀಶ: ಆಯ್ತು ಮಾರಾಯ. ಪ್ರಯೋಗ ಮಾಡಬೇಕು ಅಂದ್ರೆ ಮೊದಲು ಏನು ಕೆಡುತ್ತೆ?

ನಾಗೇಶ್ ಸರ್: ಕ್ಯಾಲಿಬ್ರೇಷನ್. ಬೇರೆಲ್ಲ ಆಮೇಲೆ. ಬೋರ್ಡ್‌ಗಳಿಗೆ 10 ಮೆಗಾಹರ್ಟ್ಸ್ ರೆಫರೆನ್ಸ್ ಒಂದೇ ಕೊಟ್ಟೆವು ಅಂತ ಸಮಾಧಾನ ಮಾಡ್ಕೋಬೇಡಿ. ಅದರಿಂದ ಫ್ರೀಕ್ವೆನ್ಸಿ ಹೊಂದುತ್ತೆ, ಫೇಸ್ ಹೊಂದಲ್ಲ. ಪ್ರತಿ ಬೋರ್ಡ್‌ನ ಪಿಎಲ್‌ಎಲ್ (ಫ್ರೀಕ್ವೆನ್ಸಿ ಹುಟ್ಟಿಸುವ ಸರ್ಕ್ಯೂಟ್) ಟ್ಯೂನ್ ಆದಾಗಲೆಲ್ಲ ಬೇರೆ ಬೇರೆ ಫೇಸ್‌ನಲ್ಲಿ ಲಾಕ್ ಆಗಬಹುದು. ಒಂದೇ ಲೋಕಲ್ ಆಸಿಲೇಟರನ್ನ ಎಂಟಕ್ಕೂ ಹಂಚಿ. ಆಗದಿದ್ದರೆ ಪ್ರತಿ ರೀಟ್ಯೂನ್ ಆದ ಮೇಲೂ ಕ್ಯಾಲಿಬ್ರೇಟ್ ಮಾಡಿ: ಎಂಟು ಔಟ್‌ಪುಟ್‌ಗಳನ್ನ ಅಟೆನ್ಯುಯೇಟರ್, ಕಂಬೈನರ್ ಮೂಲಕ ಒಂದು ರಿಸೀವರ್‌ಗೆ ಕೊಟ್ಟು, ಒಂದೊಂದೇ ಚಾನೆಲ್‌ನಲ್ಲಿ ಟೋನ್ ಕಳಿಸಿ, ಒಂದನೇ ಚಾನೆಲ್‌ಗೆ ಹೋಲಿಸಿ ಫೇಸ್, ಆಂಪ್ಲಿಟ್ಯೂಡ್ ಬರೆದುಕೊಳ್ಳಿ.

ನಾಗೇಶ್ ಸರ್: ಕೇಬಲ್ ಮರೀಬೇಡಿ. ವೆಲಾಸಿಟಿ ಫ್ಯಾಕ್ಟರ್ 0.7 ಇರುವ ಕೋಆಕ್ಸ್‌ನಲ್ಲಿ 2.4 ಗಿಗಾಹರ್ಟ್ಸ್‌ನ ತರಂಗ 87 ಮಿಮೀ ಚಿಲ್ಲರೆ. ಒಂದು ಮಿಲಿಮೀಟರ್ ಹೆಚ್ಚುಕಮ್ಮಿಗೆ ನಾಲ್ಕು ಡಿಗ್ರಿ ಹೋಯಿತು. ಎಸ್‌ಎಂಎ ಕನೆಕ್ಟರ್ ಅರ್ಧ ಸುತ್ತು ಸಡಿಲ ಇದ್ದರೂ ತೋರುತ್ತೆ. ಕೈಯಲ್ಲಿ ಬಿಗಿ ಮಾಡಿ ಬಿಡಬೇಡಿ, ಟಾರ್ಕ್ ಸ್ಪ್ಯಾನರ್ ಹಾಕಿ.

ಗಿರೀಶ: ನಾಲ್ಕು ಡಿಗ್ರಿಗೆ ಅಷ್ಟೊಂದು ತಲೆಕೆಡಿಸಿಕೊಳ್ಳಬೇಕಾ ಸರ್?

ಶೈಲಾ: ಅದನ್ನೂ ಲೆಕ್ಕ ಮಾಡಿದೆ. ಚಾನೆಲ್‌ಗಳಲ್ಲಿ ಆರ್‌ಎಂಎಸ್ 10 ಡಿಗ್ರಿ ಫೇಸ್, 1 ಡಿಬಿ ಆಂಪ್ಲಿಟ್ಯೂಡ್ ತಪ್ಪಿದ್ರೆ ನಲ್ ಸೋರುತ್ತೆ. ಶೇ 20 ನಾಯ್ಸ್ ಇದ್ದಾಗ ಬಾಬ್ ಹತ್ರ 28 ಡಿಬಿ ಉಳಿಯುತ್ತೆ, ತೊಂದರೆ ಇಲ್ಲ. ಶೇ 50ಕ್ಕೆ 22.5, ಅಂದ್ರೆ ಇವಿಎಂ (ಚುಕ್ಕಿಗಳು ಸರಿ ಜಾಗದಿಂದ ಸರಿದ ಪ್ರಮಾಣ) ಏಳೂವರೆ ಪರ್ಸೆಂಟ್. ಎಲ್‌ಟಿಇಯಲ್ಲಿ (4ಜಿ) 64-ಕ್ವಾಮ್‌ಗೆ (64 ಚುಕ್ಕಿಯ ಕಾನ್ಸ್ಟೆಲೇಷನ್) ಟ್ರಾನ್ಸ್‌ಮಿಟರ್ ಮಿತಿ 8. ಸೋರಿಕೆ ಒಂದೇ ಪೂರ್ತಿ ಬಜೆಟ್ ತಿಂದುಬಿಡ್ತು. ಕ್ಯೂಪಿಎಸ್‌ಕೆ ಆದ್ರೆ ಬದುಕ್ತೀಯ.

ಶೈಲಾ: ಪವರ್ ಆಂಪ್ಲಿಫೈಯರ್ ಇನ್ನೊಂದು. ಗಾಸಿಯನ್ ನಾಯ್ಸ್ ಸೇರಿಸಿದ ಮೇಲೆ ಪೀಕ್‌ಗಳು ಏರ್ತವೆ. ಆಂಪ್ಲಿಫೈಯರ್ ಕಂಪ್ರೆಷನ್‌ಗೆ ಹೋದ್ರೆ ಒಂದೊಂದು ಚಾನೆಲ್‌ನಲ್ಲೂ ಬೇರೆ ಬೇರೆ ವಿಕೃತಿ ಹುಟ್ಟುತ್ತೆ, ಅದು ನಲ್-ಸ್ಪೇಸ್‌ನಲ್ಲಿ ಉಳಿಯಲ್ಲ, ನೇರ ಬಾಬ್ ಮೇಲೆ ಬೀಳುತ್ತೆ. ಕ್ಯೂಪಿಎಸ್‌ಕೆಗೆ ಬಿಟ್ಟ ಬ್ಯಾಕ್-ಆಫ್ (ಪೀಕ್‌ಗೆ ಅಂತ ಬಿಡೋ ಜಾಗ) ಸಾಲಲ್ಲ.

ನಾಗೇಶ್ ಸರ್: ತುದಿಯ ಎರಡು ಪ್ಯಾಚ್‌ಗಳಿಗೆ ಒಂದೇ ಕಡೆ ನೆರೆಹೊರೆ. ಮ್ಯೂಚುಯಲ್ ಕಪ್ಲಿಂಗ್‌ನಿಂದ ಅವುಗಳ ಪ್ಯಾಟರ್ನ್ ನಡುವಿನವಕ್ಕಿಂತ ಬೇರೆ. ಎರಡೂ ತುದಿಗೆ 50 ಓಮ್ ಹಾಕಿದ ಒಂದೊಂದು ಡಮ್ಮಿ ಪ್ಯಾಚ್ ಸೇರಿಸಿ. ಅಳತೆಗೆ ಬಾಬ್ ಕನಿಷ್ಠ 3 ಮೀಟರ್ ದೂರ ಇರಲಿ, 44 ಸೆಂಮೀ ಅರೇಗೆ ಫಾರ್-ಫೀಲ್ಡ್ ಅಲ್ಲಿಂದ ಶುರು. 5 ಇಟ್ಟರೆ ನೆಮ್ಮದಿ.

ಗಿರೀಶ: ಒಳಾಂಗಣದಲ್ಲಿ ಗೋಡೆ ಪ್ರತಿಫಲನ?

ಶೈಲಾ: ಕೋನದಿಂದ ಲೆಕ್ಕ ಹಾಕಿದ ಎಚ್ ಅಲ್ಲಿ ಸುಳ್ಳಾಗುತ್ತೆ. ಗೋಡೆಗೆ ಬಡಿದ ನಾಯ್ಸ್ ಬಾಬ್ ಹತ್ರ ಬಂದು ಬೀಳುತ್ತೆ. ಎಚ್ ಅನ್ನು ಅಳೆದೇ ತರಬೇಕು, ಒಎಫ್‌ಡಿಎಂ (ಡೇಟಾವನ್ನ ಹಲವು ಸಬ್‌ಕ್ಯಾರಿಯರ್‌ಗೆ ಹಂಚೋ ವಿಧಾನ) ಆದ್ರೆ ಪ್ರತಿ ಸಬ್‌ಕ್ಯಾರಿಯರ್‌ಗೂ ಬೇರೆ. ಅಳೆಯೋಕೆ ಬಾಬ್ ಪೈಲಟ್ (ಮೊದಲೇ ಗೊತ್ತಿರೋ ಸಿಗ್ನಲ್) ಕಳಿಸಬೇಕು.

ಮಂಜು: ಕಳಿಸ್ತಾನೆ, ತನ್ನ ಒಂದೇ ಆಂಟೆನಾದಿಂದ, ಎಲ್ಲ ದಿಕ್ಕಿಗೂ. ಎಸಿಕೆ (ಡೇಟಾ ಸಿಕ್ಕಿತು ಅನ್ನೋ ಉತ್ತರ) ಕೂಡ ಹಾಗೇ. ಹೋಗೋ ದಾರಿಗೆ ಪರದೆ, ಬರೋ ದಾರಿ ಬಟಾಬಯಲು. ಅದಕ್ಕೇ ಹೇಳ್ತಿರೋದು, ಎಇಎಸ್ ಎನ್‌ಕ್ರಿಪ್ಷನ್ ತೆಗೀಬೇಡಿ ಅಂತ. ಇದನ್ನ ಅದರ ಮೇಲೆ ಇನ್ನೊಂದು ಪದರವಾಗಿ ಹಾಕಿ, ನನ್ನ ಜಗಳ ಇಲ್ಲ. ಸೈಫರ್‌ಟೆಕ್ಸ್ಟ್ ಕೂಡ ಈವ್‌ಗೆ ಸರಿಯಾಗಿ ಸಿಗದಿದ್ರೆ ಒಳ್ಳೇದೇ. ಇವತ್ತು ರೆಕಾರ್ಡ್ ಮಾಡಿಟ್ಟು ಮುಂದೊಂದು ದಿನ ಒಡೆಯೋಣ ಅನ್ನೋರಿಗೆ ಕಚ್ಚಾ ಮಾಲೇ ಇರಲ್ಲ.

ಗಿರೀಶ: ಅಂದ್ರೆ ಫಾರ್ವರ್ಡ್‌ನಲ್ಲಿ "ಎನ್‌ಕ್ರಿಪ್ಷನ್ ಬೇಡ" ಅನ್ನೋದು ತೆಗೆದ್ರೆ ಉಳಿದದ್ದು ಸರಿ?

ಮಂಜು: "ಅಸಾಧ್ಯ" ಕೂಡ ತೆಗಿ.

ಶೈಲಾ: "ಎಂಟು ಸಾಕು" ಕೂಡ.

ಗಿರೀಶ: ಹಾಗಾದ್ರೆ ಉಳೀತೇನು? 😅 ಇರಲಿ. ಸರ್, ಮೊದಲ ಅಳತೆಗೆ ಏನೇನು ಬರೀಲಿ?

ನಾಗೇಶ್ ಸರ್: ಟರ್ನ್‌ಟೇಬಲ್ ಮೇಲೆ ಅರೇ ಇಟ್ಟು, ಒಂದೊಂದು ಡಿಗ್ರಿಗೆ ಮೈನಸ್ 90ರಿಂದ 90ರವರೆಗೆ ಐಕ್ಯೂ (ಸಿಗ್ನಲ್‌ನ ಕಚ್ಚಾ ಸ್ಯಾಂಪಲ್) ರೆಕಾರ್ಡ್ ಮಾಡಿ. ನಾಯ್ಸ್ ಪಾಲು ಸೊನ್ನೆ, 20, 50 ಮೂರಕ್ಕೂ. ಸೊನ್ನೆಯದ್ದು ಬಿಡಬೇಡಿ, ಹೋಲಿಕೆಗೆ ಅದೇ ಆಧಾರ. ಇವಿಎಂ ಒಂದು ಕಾಲಮ್, ಡಿಕೋಡರ್ ಆದ ಮೇಲಿನ ಫ್ರೇಮ್ ಎರರ್ ಒಂದು ಕಾಲಮ್. ಆಮೇಲೆ ಅರೇಯನ್ನ 90 ಡಿಗ್ರಿ ಹೊರಳಿಸಿ ನಿಲ್ಲಿಸಿ ಮತ್ತೆ ಅಷ್ಟೂ ಮಾಡಿ. ಮಹಡಿ ಮೇಲಿನವಳು ಆಗ ಕಾಣ್ತಾಳೆ.

ಗಿರೀಶ: ಎರಡು ಸಲಾನಾ ಸರ್? 181 ಕೋನ, ಮೂರು ಸೆಟ್ಟಿಂಗ್...

ನಾಗೇಶ್ ಸರ್: 1086 ರೆಕಾರ್ಡಿಂಗ್. ಸ್ಕ್ರಿಪ್ಟ್ ಬರೀರಿ. ಅದಕ್ಕೂ ಮೊದಲು ಎಂಟು ಕೇಬಲ್ ಒಂದೇ ಉದ್ದಕ್ಕೆ ಕತ್ತರಿಸಿ.