ಅಪ್‌ಡೇಟ್: ಶನಿಚೌಕದ ಮೇಲೆ ಹೆಸರಿನ ಗೆರೆ ಸರಿಹೋಯಿತು

ಹೀಬ್ರೂ ಅಕ್ಷರಗಳಿಗೆ ಸಂಖ್ಯೆಯ ಬೆಲೆ ಇದೆ. ಹೆಸರಿನ ಅಕ್ಷರಗಳ ಬೆಲೆ ಇರುವ ಮನೆಗಳನ್ನು ಸಾಲಾಗಿ ಗೆರೆಯಲ್ಲಿ ಜೋಡಿಸಿದರೆ ಆ ಹೆಸರಿನ ಮುದ್ರೆ. ಮಂತ್ರವಿದ್ಯೆಯ ಬಗ್ಗೆ ಬರೆದ ಜರ್ಮನ್ ಲೇಖಕ ಅಗ್ರಿಪ್ಪ 1533ರಲ್ಲಿ ಅಚ್ಚು ಮಾಡಿಸಿದ ಶನಿಚೌಕದಲ್ಲಿ (ಶನಿಗ್ರಹದ ಮಾಯಾಚೌಕ, ಮೇಲಿಂದ 4 9 2, 3 5 7, 8 1 6, ಎತ್ತಲಿಂದ ಕೂಡಿದರೂ 15) 30 ಬೆಲೆಯ ಅಕ್ಷರ ಎಲ್ಲಿ ಕೂರುತ್ತದೆ ಅಂತ ಕೇಳಿದ್ದೆ. ಉತ್ತರಿಸಿದವರಿಗೆ ಥ್ಯಾಂಕ್ಸ್. ಸೊನ್ನೆ ಬಿಟ್ಟರಾಯಿತು, 3ರ ಮನೆ.

ಶನಿಯ ಭೂತ ಎನ್ನುವ ಜಾಜೆಲ್‌ನ ಹೆಸರು ಹೀಬ್ರೂನಲ್ಲಿ ಜಾಯಿನ್ 7, ಆಲೆಫ್ 1, ಜಾಯಿನ್ 7, ಲಾಮೆಡ್ 30. ಮೊತ್ತ 45, ಇಡೀ ಚೌಕದ್ದೂ ಅಷ್ಟೇ. ಗೆರೆ 7ರಿಂದ 1ಕ್ಕೆ, ವಾಪಸ್ 7ಕ್ಕೆ, ಅಲ್ಲಿಂದ 3ಕ್ಕೆ. ಶುರುವಿಗೆ ಸಣ್ಣ ವೃತ್ತ, ಕೊನೆಗೆ ಅಡ್ಡಗೀಟು.

ಕೆಡುವುದು ಇಲ್ಲಿ: ಹೋಗುವ ಗೆರೆಯ ಮೇಲೇ ಬರುವ ಗೆರೆ ಬಿದ್ದರೆ ಎರಡೂ ಒಂದಾಗಿ ಕಾಣುತ್ತವೆ, ಕೂದಲೆಳೆಯಷ್ಟು ಸರಿಸಿ ಎಳೆಯಬೇಕು. 7ರಿಂದ 3ಕ್ಕೆ ಹೋಗುವಾಗ 5ರ ಮೇಲೆ ಹಾಯುತ್ತೇವೆ. ಅಲ್ಲಿ ತಿರುವು ಕೊಟ್ಟರೆ ಹೆಸರಿಗೆ ಇಲ್ಲದ ಅಕ್ಷರ ಸೇರಿತು ಅಂತಲೇ. ಶನಿಯ ಇನ್ನೊಂದು ಚೇತನ ಎನ್ನುವ ಅಗಿಯೆಲ್‌ನ ಹೆಸರಿನಲ್ಲಿ 10, 1 ಬೆನ್ನಿಗೇ ಬರುತ್ತವೆ, ಎರಡೂ ಒಂದೇ ಮನೆ. ಅಲ್ಲೊಂದು ಪುಟ್ಟ ಕುಣಿಕೆ ಸಾಕು.